ಕುರಿದೊಡ್ಡಿಯ ಕ್ಯಾಮೆರಾ

ಹಲಬರ್ಗಾದ ಒಂದು ಓಣಿಯವರ ಕುರಿಗಳೆಲ್ಲ ರಾತ್ರಿ ಬಕ್ಕಪ್ಪನ ದೊಡ್ಡಿಯಲ್ಲೇ ಮಲಗುತ್ತವೆ. ಕಾಯಲು ಮನೆಗೊಂದು ಪಾಳಿ. ಕ್ಯಾಮೆರಾ ಬಂದ ಮೇಲೆ ಪಾಳಿಯವರು ಮನೆಯಲ್ಲೇ ಮಲಗಿ ಮೊಬೈಲಿನಲ್ಲಿ ಕುರಿ ಕಾಯತೊಡಗಿದರು. ಮುದುಕರಿಗೆ ಪಾಸ್‌ವರ್ಡ್ ಒತ್ತಲು ಬರುತ್ತಿರಲಿಲ್ಲ. ಕ್ಯಾಮೆರಾ ಕೂರಿಸಲು ಭಾಲ್ಕಿಯಿಂದ ಬಂದಿದ್ದ ಅನೀಲಕುಮಾರನಿಗೆ ಬಕ್ಕಪ್ಪನೇ ಹೇಳಿದ್ದ: "ಆ ಪಾಸ್‌ವರ್ಡ್ ತೆಗೆದುಬಿಡು. ದೊಡ್ಡಿಗಿ ಯಾರು ಕೀಲಿ ಹಾಕ್ತಾರ?"

ಇವತ್ತು ಮುಂಜಾನೆ ಪಕ್ಕದ ಮನೆಯ ಸಿದ್ದೇಶ್ವರಿ ಮೊಬೈಲು ಹಿಡಿದು ಬಂದಳು.

"ಇದು ನಿಮ್ಮ ದೊಡ್ಡಿ ಹೌದಲ್ರಿ ಕಾಕಾ?"

"ಹೌದವ್ವ. ಆ ಕರಿ ಟಗರು ನಂದೇ."

"ಟಗರು ಬಿಡ್ರಿ. ಅದರ ಹಿಂದ ನೋಡ್ರಿ."

ಹಿಂದೆ ಪಕ್ಕದ ಮನೆಯ ಸೂರಿಲ್ಲದ ಬಚ್ಚಲು. ಅಲ್ಲಿ ತಲೆಗೆ ನೀರು ಹಾಕಿಕೊಳ್ಳುತ್ತಿದ್ದವಳು ಸಿದ್ದೇಶ್ವರಿ. ಬಕ್ಕಪ್ಪ ತಟ್ಟನೆ ಮೊಬೈಲನ್ನು ಬೋರಲು ಹಾಕಿದ.

"ಔರಾದದಾಗಿರೋ ನನ್ನ ತಮ್ಮ ರವಿಕಿರಣಗ ಯಾರೋ ಇದನ್ನ ಕಳಿಸ್ಯಾರ್ರಿ ಕಾಕಾ. ಯಾವದೋ ವೆಬ್‌ಸೈಟಿನಾಗ ದಿನಾ ಬರ್ತದಂತ. ಯಾರು ಬೇಕಾದ್ರೂ ನೋಡಬಹುದಂತ."

"ನಾವು ನೋಡಿದ್ದು ಕುರಿ ಅಷ್ಟೇ, ಯವ್ವಾ."

"ಊರ ಮಂದಿನೂ ಕುರಿನೇ ನೋಡ್ಯಾರೇನ್ರಿ?"

ಬಕ್ಕಪ್ಪ ಅನೀಲಕುಮಾರನಿಗೆ ಫೋನು ಹಚ್ಚಿದ.

"ಪಾಸ್‌ವರ್ಡ್ ತೆಗಿಯೂದು ಬ್ಯಾಡ ಅಂತ ನಾ ಅವತ್ತೇ ಅಂದಿದ್ದೆನ್ರಿ. ಕ್ಯಾಮೆರಾ ನಿಮ್ಮ ಹೆಸರಿಲೆ ಅದ. ಕೇಸ್ ಆದ್ರ ನಿಮ್ಮನ್ನೂ ಕೇಳ್ತಾರ. ಮೊದಲ ವೈರ್ ಕೀಳ್ರಿ. ಏನೂ ಅಳಿಸಬ್ಯಾಡ್ರಿ, ಪೊಲೀಸರಿಗಿ ಬೇಕಾಗ್ತದ."

"ಕಳ್ಳರನ್ನ ಹಿಡಿಲಾಕ ಹಾಕಿದ್ದಪ್ಪ ಅದು. ನಾನ ಕಳ್ಳ ಹ್ಯಾಂಗಾದೆ?"

ಆ ಕಡೆ ಫೋನು ಕಟ್ಟಾಯಿತು. ಬಕ್ಕಪ್ಪ ವೈರ್ ಕಿತ್ತ. ಕಿತ್ತ ಕೂಡಲೇ ಎದುರು ಮನೆಯ ಗೋರಖನಾಥ ಓಡಿಬಂದ.

"ಮೊಬೈಲಿನಾಗ ಕುರಿ ಕಾಣವಲ್ದು! ಇವತ್ತು ನಂದು ಪಾಳಿ ಅದ. ಈಗ ದೊಡ್ಡಿಗೇ ಬಂದು ಮಲಗಬೇಕೇನು?"

ಸಿದ್ದೇಶ್ವರಿ ಸೆರಗು ಬಿಗಿದುಕೊಂಡಳು.

"ನಾ ಠಾಣೆಗಿ ಹೋಗ್ತೇನಿ. ಆ ವಿಡಿಯೋ ವೆಬ್‌ಸೈಟಿನಿಂದ ಹೋಗ್ಬೇಕು, ಅಷ್ಟೇ."

"ಯಾರ ಮ್ಯಾಲ ಕಂಪ್ಲೇಂಟ್ ಬರಸ್ತಿ?" ಬಕ್ಕಪ್ಪ ಕೇಳಿದ.

"ನೋಡಿದವರ ಮ್ಯಾಲ."

"ಅವರು ಯಾರವ್ವ?"

"ಗೊತ್ತಿಲ್ರಿ."

"ಹಂಗಾರ ನನ್ನ ಮ್ಯಾಲೇನು?"

ಅವಳು ಬೋರಲಾಗಿದ್ದ ಮೊಬೈಲು ಎತ್ತಿಕೊಂಡಳು. "ಅದೂ ತಿಳಿವಲ್ದು. ನೀವೂ ಬರ್ರಿ."

ಬಸ್ಸಿನಲ್ಲಿ ಗದ್ದಲ. ಮೊದಲು ಹತ್ತಿದ ಸಿದ್ದೇಶ್ವರಿ ಪಕ್ಕದ ಸೀಟಿನ ಮೇಲೆ ಚೀಲ ಇಟ್ಟು ಬಕ್ಕಪ್ಪನಿಗೆ ಜಾಗ ಹಿಡಿದಿದ್ದಳು. ಬಸ್ಸಿನಲ್ಲಿದ್ದವರು ಯಾರಾದರೂ ಮೊಬೈಲು ತೆಗೆದರೆ ಸಾಕು, ಅವಳ ಕಣ್ಣು ಅತ್ತ ಹೋಗುತ್ತಿತ್ತು. ಊರು ದಾಟಿದ ಮೇಲೆ ಬಕ್ಕಪ್ಪ ಮೆಲ್ಲಗೆ ಕೇಳಿದ:

"ಅಲ್ಲಿ ಸಾಹೇಬರು ಕೇಳಿದ್ರ ನಾ ಯಾರಂತ ಹೇಳ್ತಿ?"

ಅವಳು ಸೆರಗನ್ನು ಮುಖದ ಮೇಲೆ ಇನ್ನಷ್ಟು ಎಳೆದುಕೊಂಡಳು.

"ಕಾಕಾ ಅಂತೇನಿ. ಅವರು ಏನಂತ ಬರಕೊಂತಾರೋ, ನನಗೇನ್ ಗೊತ್ರಿ."