ಚಿಕ್ಕತಾಯಮ್ಮನ ಬೆರಳು ಬಿಚ್ಚಿದ ರೀಲು

ನಾನು ಒಂದು ಸಿನಿಮಾ. ಒಂಬತ್ತೇ ನಿಮಿಷದವನು, ಆದರೂ ಬಿಚ್ಚಿ ಮಲಗಿಸಿದರೆ ಮೈಸೂರಿನಿಂದ ಶ್ರೀರಂಗಪಟ್ಟಣ ಮುಟ್ಟಿ ವಾಪಸ್ ಬಂದೇನು! ನನ್ನನ್ನು ನೋಡಿ ನೂರಾರು ಜನ ಮೂರ್ಛೆ ಹೋದರು. ಒಬ್ಬರು ಹೋದದ್ದಂತೂ ನಿಜ. ಅಂದು ಸೆಖೆ ಇತ್ತು.

ನನ್ನನ್ನು ಹುಟ್ಟಿಸಿದವಳು ಸುಕನ್ಯಾ, ವೈದ್ಯಕೀಯ ಕಾಲೇಜೊಂದರಲ್ಲಿ ಫೋಟೊ ತೆಗೆಯುವ ಕೆಲಸದವಳು. ಎಲುಬು, ಮಾಂಸ, ಚರ್ಮಗಳನ್ನು ಒಂದಕ್ಕೊಂದು ಕಟ್ಟಿಹಿಡಿಯುವ ಸಂಯೋಜಕ ಅಂಗಾಂಶವೇ ನನ್ನ ಕಥೆ. ನಾಯಕನಿಲ್ಲ, ಹಾಡಿಲ್ಲ, ಮಾತೂ ಇಲ್ಲ. ಸೂಕ್ಷ್ಮದರ್ಶಕದಲ್ಲಿ ಕಂಡ ನಾರಿನ ಪಕ್ಕ ಅವಳು ಬಾಳೆನಾರನ್ನು ಅಂಟಿಸಿದಳು. ಬಾಳೆನಾರಿನ ಬೆನ್ನಿಗೆ, ಹೂ ಕಟ್ಟುವ ತನ್ನ ತಾಯಿ ಚಿಕ್ಕತಾಯಮ್ಮನ ಕೈಗಳು. ಆ ಕೈಗಳನ್ನು ಮೀರಿಸಿದವು ಮೂರು ಲೋಕದಲ್ಲಿಲ್ಲ. ಆದರೆ ಮೈಯೊಳಗಿನ ನಾರೇ ಬಿಗಿಯುವ ಕಾಯಿಲೆ ಆಕೆಗೆ. ಮಗಳು ತಿಂಗಳಿಗೊಮ್ಮೆ ಆ ಕೈಗಳನ್ನು ಚಿತ್ರೀಕರಿಸಿದಳು. ನನ್ನ ಮೊದಲ ನಿಮಿಷದಲ್ಲಿ ಮಲ್ಲಿಗೆ ಮೊಳಗಟ್ಟಲೆ ಹರಿಯುತ್ತದೆ. ಕೊನೆಯದರಲ್ಲಿ ಬಿಚ್ಚದ ಮುಷ್ಟಿ.

ಕಾಲೇಜಿನಲ್ಲೇ ಮೊದಲ ಪ್ರದರ್ಶನ. ಯಂತ್ರ ನಡೆಸುವ ಇನಾಯತ್ ಆಟ ಮುಗಿದ ಮೇಲೆ ರೀಲನ್ನು ಕೈಯಲ್ಲಿ ಸುತ್ತುತ್ತಿರಲಿಲ್ಲ. ಯಂತ್ರವನ್ನೇ ಹಿಂದಕ್ಕೆ ಓಡಿಸುತ್ತಿದ್ದ. ಅಂದು ಯಂತ್ರದ ದೀಪ ಆರಿಸಲು ಮರೆತ. ಎಲ್ಲರೂ ಚಹಾಕ್ಕೆ ಹೋಗಿದ್ದರು. ಬೇಗ ಏಳಲಾರದ ಚಿಕ್ಕತಾಯಮ್ಮ ಕೂತೇ ಇದ್ದಳು, ಪಕ್ಕದಲ್ಲಿ ಮಗಳು. ತೆರೆಯ ಮೇಲೆ ಮುಷ್ಟಿ ಬಿಚ್ಚಿಕೊಂಡಿತು.

“ಲೇ ಸುಕನ್ಯಾ, ಬಿಚ್ಕತು ನೋಡೇ!”

“ಅವ್ವ, ಅದು ಹಿಂದ್ಮುಂದಾಗಿ ಓಡ್ತೈತೆ ಕಣವ್ವ.”

“ಓಡ್ಲಿ ಬುಡು. ಬಿಗ್ದಿದ್ದು ಬಿಚ್ಕತು ತಾನೆ? ನಾಳೀಕೆ ಒಂದ್ ಬುಟ್ಟಿ ಮೊಗ್ಗು ತತ್ತಾ.”

ಇಲ್ಲ ತಾಯಿ ಎಂದು ಕಿರುಚೋಣವೆಂದರೆ ನನಗೆ ಸದ್ದೇ ಇಲ್ಲ. ಜಗತ್ತನ್ನೇ ಅಲುಗಾಡಿಸಬಲ್ಲವನು ಸುಮ್ಮನೆ ಸುತ್ತಿಕೊಂಡೆ.

ಮೊಗ್ಗು ಬಂತು. ಅಡುಗೆಮನೆಯ ಗೂಡಿನಲ್ಲಿ, ಡಬ್ಬಿಯೊಳಗೆ ನಾನು. ಸಂಜೆಗೆ ಬುಟ್ಟಿಯ ಮೊಗ್ಗೆಲ್ಲ ಬಿರಿದವಂತೆ. ಬೆರಳು ಬಿಚ್ಚಿಕೊಳ್ಳಲಿಲ್ಲ. ಆಕೆ ಅಳಲಿಲ್ಲ, “ಆ ಕಡೆಯಿಂದ್ಲೇ ಇನ್ನೊಂದ್ಸಲ ಹಾಕ್ಸು” ಎಂದಳು, ಅಷ್ಟೆ. ಅಂದಿನಿಂದ ಭಾನುವಾರ ಬಂತೆಂದರೆ ಇನಾಯತ್ ಯಂತ್ರ ಹೊತ್ತು ಮನೆಗೇ ಬರುತ್ತಿದ್ದ. ಬೇಕೆಂದೇ ದೀಪ ಆರಿಸುತ್ತಿರಲಿಲ್ಲ. ಲಕ್ಷ ಸಲ ಆ ಬೆರಳು ಬಿಡಿಸಿದ್ದೇನೆ, ತೆರೆಯ ಮೇಲೆ. ಆಕೆ ತೀರಿಕೊಂಡ ವಾರವೂ ಬಿಡಿಸಿದೆ.

ಈಗ ನನಗೂ ವಯಸ್ಸಾಗಿದೆ. ಮೈ ಹುಳಿ ನಾರುತ್ತದೆ, ಕುಗ್ಗಿ ಸುರುಳಿಗಟ್ಟಿದ್ದೇನೆ. ಮೊನ್ನೆ ಸುಕನ್ಯಾ ಡಬ್ಬಿ ತೆರೆದು ಮುದುಕ ಇನಾಯತ್‌ಗೆ ತೋರಿಸಿದಳು.

“ಯಂತ್ರದ ಹಲ್ಲಿಗೆ ಕೂರಲ್ಲ ಮೇಡಂ. ಓಡ್ಸಿದ್ರೆ ಹರೀತದೆ.”

ಅವಳು ನನ್ನ ತುದಿ ಎಳೆದು ಕಿಟಕಿಯ ಬೆಳಕಿಗೆ ಹಿಡಿದಳು. ಅವ್ವನ ಬೆರಳನ್ನು ಬೆಳಿಗ್ಗೆ ಬೆಳಿಗ್ಗೆ ಎಣ್ಣೆ ಹಚ್ಚಿ ನೀವುತ್ತಿದ್ದಂತೆ, ಹೆಬ್ಬೆರಳಿನಿಂದ ಮೆಲ್ಲಗೆ ನೀವಿ ನೇರ ಮಾಡಿದಳು. ಶ್ರೀರಂಗಪಟ್ಟಣ ಬೇಡ, ಅವಳ ಅಂಗೈ ಉದ್ದ ನೆಟ್ಟಗೆ ನಿಲ್ಲೋಣವೆಂದು ಉಸಿರು ಬಿಗಿಹಿಡಿದೆ.

ಅವಳು ಕೈ ತೆಗೆದಳು. ನಾನು ಮತ್ತೆ ಮುಷ್ಟಿಯಾದೆ.