ಅರಿಶಿನ ಬಿರಿದ ಜಾಗ

ಪಿಳ್ಳಮ್ಮ ನಾಗರಹಾವಿನ ಮೈಗೆ ಅರಿಶಿನ ಬಳಿದು, ಬಾಯಿಗೆ ಬಿಡಲು ಹಾಲಿನ ಲೋಟ ಎತ್ತಿಕೊಂಡಳು. ದ್ರಾಕ್ಷಿ ತೋಟದ ಬದುವಿನಲ್ಲಿ ಹಾವು ಬಾಳೆಲೆಯ ಮೇಲೆ ಬಿದ್ದಿತ್ತು. ಪಕ್ಕದಲ್ಲಿ ಮಗ ಸುನಿಲ್‌ಕುಮಾರ್ ಸೌದೆ ಜೋಡಿಸುತ್ತಿದ್ದ. ಸತ್ತ ನಾಗರನನ್ನು ಮನುಷ್ಯರಂತೆಯೇ ಸುಡಬೇಕು. ಆ ಮನೆಯಲ್ಲಿ ಅದು ತಪ್ಪುವಂತಿರಲಿಲ್ಲ.

ಹಕ್ಕಿಗಳ ಕಾಟಕ್ಕೆಂದು ದ್ರಾಕ್ಷಿಗೆ ಬಲೆ ಹೊದಿಸಿದವನು ಸುನಿಲನೇ. ಹಾವು ಅದಕ್ಕೆ ಸಿಕ್ಕಿ, ರಾತ್ರಿಯೆಲ್ಲ ಚಳಿಯಲ್ಲಿದ್ದು, ಬೆಳಿಗ್ಗೆ ಬಲೆ ಕತ್ತರಿಸಿದಾಗ ಮರಗಟ್ಟಿಹೋಗಿತ್ತು. ಕಡ್ಡಿಯ ತುದಿಗೆ ಹತ್ತಿ ಸಿಕ್ಕಿಸಿ ಮೂಗಿನ ಮುಂದೆ ಹಿಡಿದು ನೋಡಿದ್ದರು. ಹತ್ತಿಯ ಎಳೆ ಅಲುಗಿರಲಿಲ್ಲ.

"ಬಸುರಿ ಹೆಂಡ್ತಿನ ಮನೇಲಿಟ್ಕೊಂಡು ನಾಗಪ್ಪನ್ ಜೀವ ತೆಗ್ದ್ಬಿಟ್ಟಲ್ಲೋ," ಎಂದು ಪಿಳ್ಳಮ್ಮ ಆಗಲೇ ಮಗನಿಗೆ ಅಂದಿದ್ದಳು. ಎರಡು ಸಲ ಗರ್ಭ ಇಳಿದುಹೋಗಿ, ಘಾಟಿಯ ನಾಗಪ್ಪನಿಗೆ ಹರಕೆ ಹೊತ್ತ ಮೇಲೆ ನಿಂತ ಬಸಿರು ಅದು. ಹೆದರಿಕೆ ಮನೆಯವರೆಲ್ಲರಿಗೂ ಇತ್ತು.

ಸೊಸೆ ಶಶಿರೇಖಾಳನ್ನು ಹತ್ತಿರ ಬರಕೂಡದೆಂದು ಸ್ವಲ್ಪ ಆಚೆ, ಕಲ್ಲುಕಂಬದ ಬುಡದಲ್ಲಿ ಕೂರಿಸಿದ್ದರು. ಬೇರೆ ಕೆಲಸವಿಲ್ಲದೆ ಅವಳು ಹಾವನ್ನೇ ನೋಡುತ್ತಿದ್ದಳು. ಹೆಡೆಯಿಂದ ಬಹಳ ಕೆಳಗೆ, ನಡುಮೈಯಲ್ಲಿ, ಒಣಗಿದ ಅರಿಶಿನ ಸಣ್ಣಗೆ ಬಿರಿಯಿತು. ತುಂಬ ಹೊತ್ತು ಏನೂ ಇಲ್ಲ. ಮತ್ತೆ ಬಿರಿಯಿತು.

"ಅತ್ತೆ, ಹಾಲು ಬಿಡ್ಬೇಡಿ!"

"ಸುಮ್ಕಿರವ್ವ, ಕೊನೇ ಹಾಲು."

"ಸತ್ತಿಲ್ಲ ಅತ್ತೆ, ಉಸಿರಾಡ್ತೈತೆ. ಮೂಗಲ್ಲ, ನಡುಮೈ ನೋಡಿ. ಹಾವಿನ ಶ್ವಾಸಕೋಶ ಮೈಯುದ್ದಕ್ಕೂ ಇಳಿದಿರ್ತದೆ, ಕಾಲೇಜಲ್ಲಿ ಓದಿದ್ದೆ. ಚಳಿಗೆ ಉಸಿರು ನಿಧಾನ ಆಗೈತೆ ಅಷ್ಟೆ. ಬಾಯೊಳಗೆ ಮುಂದ್ಗಡೇನೇ ಉಸಿರಿನ ತೂತಿರೋದು. ಹಾಲು ಬಿಟ್ರೆ ಅದ್ರೊಳಕ್ಕೇ ಹೋಗ್ತದೆ!"

ಪಿಳ್ಳಮ್ಮನ ಕೈ ನಿಂತಿತು. ಬಗ್ಗಿ ನೋಡಿದಳು. ಪಾಪ, ಹೆದರಿಕೆಗೆ ಹುಡುಗಿಗೆ ಏನೇನೋ ಕಾಣುತ್ತಿದೆ ಅಂದುಕೊಳ್ಳುವಷ್ಟರಲ್ಲಿ ಅರಿಶಿನದ ಚಕ್ಕೆಯೊಂದು ಎಲೆಯ ಮೇಲೆ ಉದುರಿತು. ಪಿಳ್ಳಮ್ಮನಿಗೆ ಅಳು ಒತ್ತರಿಸಿ ಬಂತು.

ಸುನಿಲ್ ಉದ್ದನೆಯ ಕೋಲಿನಿಂದ ಎಲೆಯನ್ನು ಬಿಸಿಲಿಗೆ ಎಳೆದ. ಎಲ್ಲರೂ ದೂರ ಸರಿದು ಕಾದರು. ಬಿಸಿಲು ಏರಿದ ಮೇಲೆ ಮೊದಲು ನಾಲಿಗೆ ಹೊರಬಂತು, ಆಮೇಲೆ ತಲೆ ಎದ್ದಿತು. ಇವರು ಯಾರನ್ನೂ ಲೆಕ್ಕಕ್ಕಿಡದೆ, ಮೈಮೇಲಿನ ಅರಿಶಿನದೊಂದಿಗೇ ಹಾವು ಬೇಲಿಯೊಳಕ್ಕೆ ಹರಿದುಹೋಯಿತು.

ಸುನಿಲ್ ಎದ್ದು, ನೆಲಕ್ಕೆ ಜೋತಿದ್ದ ಬಲೆಯ ಅಂಚನ್ನು ಮೇಲಕ್ಕೆತ್ತಿ ಕಟ್ಟತೊಡಗಿದ.

ಪಿಳ್ಳಮ್ಮ ಲೋಟ ಹಿಡಿದು ಸೊಸೆಯ ಹತ್ತಿರ ಬಂದು ಕೂತಳು. "ತಗೋ, ನೀನ್ ಕುಡಿಯವ್ವ."

ಶಶಿರೇಖಾ ಕುಡಿದು ಮುಗಿಸಿ ಕಂಬಕ್ಕೆ ಒರಗಿದಳು. ಸೆರಗಿನಡಿ ಅವಳ ಹೊಟ್ಟೆ ಏರಿ ಇಳಿಯುವುದನ್ನು ಪಿಳ್ಳಮ್ಮ ಕಣ್ಣು ಕೀಳದೆ ನೋಡುತ್ತಿದ್ದಳು.