ಅಮ್ಮನ ಆಟದ ಡಬ್ಬಿ

ಸೂಜಿ ಎಂಬುದು ಅವಳಿಗೆ ಅಣ್ಣ ಇಟ್ಟ ಹೆಸರು. ಚಿಕ್ಕಂದಿನಲ್ಲಿ ಕಡ್ಡಿಯ ಹಾಗೆ ತೆಳ್ಳಗಿದ್ದಳು, ಸಣ್ಣ ವಸ್ತು ಏನೇ ಕೈಗೆ ಸಿಕ್ಕರೂ ಅದರ ಹೊಟ್ಟೆ ಬಿಚ್ಚಿ ನೋಡದೆ ಬಿಡುತ್ತಿರಲಿಲ್ಲ. ನಲವತ್ತರ ಅಂಚಿಗೆ ಬಂದರೂ ಆ ಹೆಸರು ಅವಳನ್ನು ಬಿಟ್ಟಿರಲಿಲ್ಲ. ಈಗ ಅವಳು ಕಿವಿ ಮಿಷನ್ ಮಾರುವ ಅಂಗಡಿಯ ಹಿಂದಿನ ಕೋಣೆಯಲ್ಲಿ ಕೂತು, ಕೆಟ್ಟ ಮಿಷನ್‌ಗಳನ್ನು ಬಿಚ್ಚಿ, ಒರೆಸಿ, ಬೆಸುಗೆ ಹಾಕಿ, ಮತ್ತೆ ಮಾತು ಕೇಳಿಸುವ ಹಾಗೆ ಮಾಡುತ್ತಿದ್ದಳು. ಗಿರಾಕಿಗಳೆಲ್ಲ ಕಿವಿ ಮಂದವಾದವರು. ಮನೆಯ ಗುಟ್ಟನ್ನೂ ಬೀದಿಗೆ ಕೇಳುವಂತೆ ಹೇಳಿಕೊಳ್ಳುವವರು. ಆ ಗದ್ದಲದ ನಡುವೆ ತುಟಿಪಿಟಕ್ಕೆನ್ನದೆ ಕೆಲಸ ಮಾಡುತ್ತಿದ್ದವಳು ಅವಳೊಬ್ಬಳೇ.

ಒಂದು ದಿನ ಮಧ್ಯಾಹ್ನ ಅಣ್ಣ ಅಲ್ಲಿಗೆ ಬಂದ. ಎರಡು ಬೀದಿ ಆಚೆ ಅವನದೊಂದು ಫೋಟೋ ಸ್ಟುಡಿಯೋ. ಮಾತಿನಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ಅಳುವ ಮಗುವನ್ನೂ ಮುಖ ಗಂಟಿಕ್ಕಿದ ಅಧಿಕಾರಿಯನ್ನೂ ಒಂದೇ ಸಲೀಸಿನಲ್ಲಿ ನಗಿಸಿ ಫೋಟೋ ತೆಗೆಯುತ್ತಿದ್ದ. ಅವನ ಕೈಯಲ್ಲಿದ್ದ ತಗಡಿನ ಬಿಸ್ಕತ್ತು ಡಬ್ಬಿ ನೋಡಿದ ಕೂಡಲೇ ಸೂಜಿಗೆ ಗುರುತು ಸಿಕ್ಕಿತು.

ಅದು ಅಮ್ಮನ ಡಬ್ಬಿ. ಅಮ್ಮ ಆಸ್ಪತ್ರೆಯೊಂದರ ಲಾಂಡ್ರಿಯಲ್ಲಿ ಮೇಲ್ವಿಚಾರಕಿಯಾಗಿದ್ದವಳು. ಒಮ್ಮೆ ಒದ್ದೆ ನೆಲದ ಮೇಲೆ ಜಾರಿ ಕಾಲು ಮುರಿದುಕೊಂಡು ಮನೆಯಲ್ಲಿ ಮಲಗಿದ್ದಾಗ, ಹೊತ್ತು ಹೋಗದೆ, ಮಕ್ಕಳು ಮೂಲೆಗೆಸೆದಿದ್ದ ಪುಟ್ಟ ವಿಡಿಯೋ ಗೇಮ್ ಎತ್ತಿಕೊಂಡಳು. ಕಾಲು ಕೂಡಿತು, ಗೇಮ್ ಮಾತ್ರ ಮಕ್ಕಳಿಗೆ ವಾಪಸ್ ಸಿಗಲಿಲ್ಲ. ಗೇಮ್‌ಗೆ ಸಿಕ್ಕಿಸಿ ಆಡುವ, ಒಂದೊಂದರಲ್ಲಿ ಒಂದೊಂದು ಆಟವಿದ್ದ ಅಣ್ಣನ ಹಳೆಯ ಕಾರ್ಟ್ರಿಜ್‌ಗಳು ಅಮ್ಮನವಾದವು. ಸೂಜಿ ಸಂಬಳ ತರಲು ಶುರು ಮಾಡಿದ ಮೇಲೆ ಹೊಸವು ಬಂದು ಸೇರಿದವು. ಇಟ್ಟಿಗೆ ಬೀಳುವ ಆಟ, ಮೀನು ಹಿಡಿಯುವ ಆಟ, ಎಲ್ಲಕ್ಕಿಂತ ಹೆಚ್ಚಾಗಿ ತೋಟದ ಆಟ. ಆ ತೋಟವನ್ನು ಅಮ್ಮ ಇಪ್ಪತ್ತು ವರ್ಷದಿಂದ ಸಾಕಿಕೊಂಡು ಬಂದಿದ್ದಳು.

“ಅಮ್ಮನೇ ಕಳ್ಸಿದ್ದು ಕಣೇ,” ಎಂದ ಅಣ್ಣ. “ಈ ಕಾರ್ಟ್ರಿಜ್‌ಗಳ ಒಳಗಿನ ಬ್ಯಾಟರಿ ಒಂದೊಂದಾಗಿ ಸಾಯ್ತಾ ಇದೆ. ಸತ್ತ ದಿನ ತೋಟ ಎಲ್ಲ ಗೋವಿಂದ. ಅದಕ್ಕೇ ಇದನ್ನ ತಂದೆ, ನೋಡು.”

ಜೇಬಿನಿಂದ ಬೂದುಬಣ್ಣದ ಒಂದು ಕಾರ್ಟ್ರಿಜ್ ತೆಗೆದ. ನೋಡಲು ಉಳಿದವುಗಳ ಹಾಗೇ ಇತ್ತು. ಆದರೆ ಅದರ ಪಕ್ಕದಲ್ಲಿ ಉಗುರಿನಗಲದ ಮೆಮೊರಿ ಕಾರ್ಡ್ ತೂರಿಸಲು ಒಂದು ಸೀಳು. ಇದು ಫ್ಲ್ಯಾಶ್ ಕಾರ್ಟ್ರಿಜ್, ಡಬ್ಬಿಯಲ್ಲಿರುವ ಆಟಗಳೆಲ್ಲ ಇದೊಂದರಲ್ಲೇ ಕೂರುತ್ತವೆ ಎಂದ. ಅಮ್ಮನ ಗೇಮ್ ಡಬ್ಬಿಯಲ್ಲೇ ಇತ್ತು. ಹಳೆಯವುಗಳಿಂದ ಆಟ ಇಳಿಸಿಕೊಳ್ಳುವ ರೀಡರನ್ನೂ ಎಲ್ಲಿಂದಲೋ ತಂದಿದ್ದ.

“ಸ್ಟುಡಿಯೋಗೆ ಬರೋರೊಬ್ರು ಕೊಟ್ರು. ಇಂಥ ಕೆಲ್ಸಕ್ಕೆ ನಿನ್ನ ಕೈ ಬಿಟ್ರೆ ಇನ್ಯಾರ ಕೈ?”

ಹೊಗಳಿಕೆಗೆ ಕರಗುವವಳಲ್ಲ ಸೂಜಿ. ಆದರೆ ಬ್ಯಾಟರಿಯ ಮಾತು ಅವಳಿಗೆ ನಾಟಿತು. ದಿನವೂ ಸತ್ತ ಬ್ಯಾಟರಿಗಳ ಮುಖ ನೋಡುವವಳು ಅವಳು.

ಭಾನುವಾರ ಬೆಳಿಗ್ಗೆ ತನ್ನ ಒಂಟಿ ಕೋಣೆಯ ಮನೆಯಲ್ಲಿ ಮೇಜಿನ ಮೇಲೆ ಬಿಳಿ ಬಟ್ಟೆ ಹಾಸಿ ಕೂತಳು. ಹತ್ತಿ ಕಡ್ಡಿಯನ್ನು ಸ್ಪಿರಿಟ್‌ನಲ್ಲಿ ಅದ್ದಿ ಒಂದೊಂದು ಕಾರ್ಟ್ರಿಜ್‌ನ ಅಂಚಿನ ಲೋಹದ ಹಲ್ಲುಗಳನ್ನೂ ಉಜ್ಜಿದಳು. ಹತ್ತಿಗೆ ವರ್ಷಗಳ ಮಸಿ ಹತ್ತಿತು. ಮೆಮೊರಿ ಕಾರ್ಡನ್ನು ಕಂಪ್ಯೂಟರಿಗೆ ಹಾಕಿ ಫಾರ್ಮ್ಯಾಟ್ ಮಾಡಿ, ಫ್ಲ್ಯಾಶ್ ಕಾರ್ಟ್ರಿಜ್‌ಗೆ ಬೇಕಾದ ಸಿಸ್ಟಮ್ ಫೈಲನ್ನು ಅದರೊಳಗೆ ಹಾಕಿ, ಗೇಮ್‌ಗೆ ಸಿಕ್ಕಿಸಿ ಸ್ವಿಚ್ ಒತ್ತಿದರೆ ಪರದೆ ತುಂಬ ಕಪ್ಪು. ಸಿಸ್ಟಮ್ ಫೈಲೇ ಇಲ್ಲ ಎಂದು ಒಂದು ಸಾಲು. ಕಾರ್ಡನ್ನು ತೆಗೆದು, ಹಾಕಿ, ಮತ್ತೆ ತೆಗೆದು ನೋಡಿದಳು. ಕೊನೆಗೆ ತಿಳಿಯಿತು: ಫೈಲನ್ನು ಫೋಲ್ಡರಿನೊಳಗಿನ ಇನ್ನೊಂದು ಫೋಲ್ಡರಿನಲ್ಲಿ ಬಚ್ಚಿಟ್ಟು ಕೂತಿದ್ದಳು. ತನ್ನ ತಲೆಗೆ ತಾನೇ ಮೊಟಕಿಕೊಂಡು ಅದನ್ನು ಹೊರಗೆ ತಂದಿಟ್ಟಳು. ಈ ಸಲ ಮೆನು ಬಂತು.

ಆಮೇಲೆ ರೀಡರಿನಿಂದ ಒಂದೊಂದೇ ಆಟ ಕಾರ್ಡಿಗೆ ಇಳಿಯಿತು. ಆಟ ಇಳಿದರೆ ಸಾಲದು, ಅಮ್ಮ ಅದರಲ್ಲಿ ಎಲ್ಲಿಯವರೆಗೆ ಬಂದಿದ್ದಾಳೆಂಬ ಸೇವ್ ಕೂಡ ಇಳಿಯಬೇಕು, ಆಟಕ್ಕೂ ಸೇವ್‌ಗೂ ಅಕ್ಷರ ಬಿಡದೆ ಒಂದೇ ಹೆಸರಿರಬೇಕು. ಎಲ್ಲ ಸರಾಗವಾಗಿ ನಡೆದು ತೋಟದ ಆಟ ಬಂದಾಗ ಕೈಕೊಟ್ಟಿತು. ಸೇವ್ ಇಳಿಯಿತು, ಒಳಗೆ ಏನೂ ಇರಲಿಲ್ಲ. ಮತ್ತೆ ಉಜ್ಜಿದಳು, ಮತ್ತೆ ಇಳಿಸಿದಳು, ಮತ್ತೂ ಖಾಲಿ. ಉಸಿರು ಬಿಗಿಹಿಡಿದು, ಕಾರ್ಟ್ರಿಜನ್ನು ಒಂದು ಕೂದಲೆಳೆಯಷ್ಟು ಎಡಕ್ಕೆ ಒತ್ತಿಹಿಡಿದು ಇನ್ನೊಮ್ಮೆ ಪ್ರಯತ್ನಿಸಿದಳು. ಬಂತು. ಫ್ಲ್ಯಾಶ್ ಕಾರ್ಟ್ರಿಜ್‌ನಿಂದ ಆಟ ತೆರೆದು ನೋಡಿದರೆ ಎಲೆಕೋಸಿನ ಸಾಲು, ಬೇಲಿ, ಕೋಳಿಗೂಡು ಎಲ್ಲ ಇದ್ದಲ್ಲೇ ಇದ್ದವು. ಬಾಗಿಲಲ್ಲಿ ಒಂದು ನಾಯಿ ಕೂತಿತ್ತು. ಅಮ್ಮ ಅದಕ್ಕೆ ಇಟ್ಟಿದ್ದ ಹೆಸರು ಸೂಜಿ. ಖಾಲಿ ಮನೆಯಲ್ಲಿ ಅವಳು ಜೋರಾಗಿ ನಕ್ಕುಬಿಟ್ಟಳು.

ಅಮ್ಮನಿಗೆ ಹುಡುಕುವ ತೊಂದರೆ ಇರಬಾರದೆಂದು ಅವಳಿಗಿಷ್ಟವಾದ ಆಟಗಳನ್ನು ಮೆನುವಿನ ಮೇಲಕ್ಕೆ ತಂದಳು. ಆಟದೊಳಗಿನ ಗಡಿಯಾರ ಸರಿಮಾಡಿದಳು. ಹಳೆಯವನ್ನೆಲ್ಲ ಒರೆಸಿ ಡಬ್ಬಿಯಲ್ಲಿ ಜೋಡಿಸಿ, ಹೊಸ ಕಾರ್ಟ್ರಿಜ್ ಸಿಕ್ಕಿಸಿದ ಗೇಮ್ ಜೊತೆ ಮಾರನೆಯ ದಿನ ಅಣ್ಣನ ಕೈಗಿಟ್ಟಳು.

“ಡಬ್ಬಿ ಅಮ್ಮನ ಕೈಗೇ ಕೊಡು. ಹಳೇದು ಅಂತ ಎಲ್ಲೋ ಅಟ್ಟಕ್ಕೆ ಎಸೀಬೇಡ.”

“ಕೊಡ್ದೆ ನಾನೇನು ಕೂತು ಮೀನು ಹಿಡೀತೀನಾ?” ಎಂದು ನಗುತ್ತಾ ಹೋದ.

ಅಮ್ಮ ಇದ್ದದ್ದು ಅಣ್ಣ ಅತ್ತಿಗೆಯ ಜೊತೆ. ಸೂಜಿ ಭಾನುವಾರ ಭಾನುವಾರ ಹೋಗಿ ಬರುತ್ತಿದ್ದಳು. ಮುಂದಿನ ಭಾನುವಾರ ಹೋದಾಗ ಅಮ್ಮ ಕಿಟಕಿಯ ಬಳಿ ಕೂತು ಹೊಸ ಕಾರ್ಟ್ರಿಜ್‌ನಲ್ಲೇ ಆಡುತ್ತಿದ್ದಳು. “ಹೇಗಿದೆ ಅಮ್ಮ?” ಎಂದರೆ “ಇದೆ” ಎಂದಳು. ತಲೆ ಎತ್ತಲಿಲ್ಲ. ತೋಟದಲ್ಲಿ ಮುಳುಗಿದ್ದಾಳೆ ಎಂದುಕೊಂಡಳು ಸೂಜಿ. ಅದರ ಮುಂದಿನ ವಾರವೂ ಅಷ್ಟೇ. ಊಟಕ್ಕೆ ಬಡಿಸಿದಳು, ಇನ್ನೊಂದು ಸಲ ಬೇಕೇ ಎಂದು ಕೇಳಲಿಲ್ಲ. ಅತ್ತಿಗೆಯ ಜೊತೆ ಮಾತು, ಅಣ್ಣನ ಜೊತೆ ಮಾತು, ಇವಳ ಕಡೆ ಬರುವ ಹೊತ್ತಿಗೆ ಬಾಯಿಗೆ ಬೀಗ. ವಯಸ್ಸಾಯಿತು, ಮೊಣಕಾಲು ನೋವಿರಬೇಕು ಎಂದು ಸೂಜಿ ತನಗೆ ತಾನೇ ಸಮಾಧಾನ ಹೇಳಿಕೊಂಡಳು. ಮೊಣಕಾಲಿಗೆ ಮುಲಾಮು ತಂದುಕೊಟ್ಟಳು. ಅಮ್ಮ ಅದನ್ನು ಮುಚ್ಚಳ ಕೂಡ ತೆರೆಯದೆ ಕಿಟಕಿಯಲ್ಲಿಟ್ಟಳು.

ಒಂದು ಭಾನುವಾರ ಗೇಮ್‌ನ ಗುಂಡಿಯೊಂದು ಒತ್ತಿದರೆ ಮೇಲೆ ಬರುತ್ತಿರಲಿಲ್ಲ. ಅಮ್ಮ ಅದನ್ನು ಉಗುರಿನಿಂದ ಮೀಟುತ್ತಿದ್ದಳು.

“ಕೊಡಮ್ಮ ಇಲ್ಲಿ, ಒಂದು ನಿಮಿಷದ ಕೆಲ್ಸ,” ಎಂದು ಸೂಜಿ ಕೈ ಚಾಚಿದಳು.

ಅಮ್ಮ ಗೇಮನ್ನು ಎದೆಗೆ ಎಳೆದುಕೊಂಡಳು. “ಬೇಡ ಬಿಡು. ನೀನು ಮುಟ್ಟೋದು ಬೇಡ.”

ಸೂಜಿಯ ಚಾಚಿದ ಕೈ ಚಾಚಿದಲ್ಲೇ ನಿಂತಿತು. “ಯಾಕಮ್ಮ?”

“ಯಾಕೆ ಅಂತ ಬೇರೆ ಕೇಳ್ತೀಯಲ್ಲ! ಅಷ್ಟೂ ಕಾರ್ಟ್ರಿಜ್ ಬಿಚ್ಚಿ ಸುಟ್ಟು ಕಸಕ್ಕೆ ಹಾಕ್ದೆ. ಬಂದು ಒಂದು ಮಾತು ಹೇಳಿದ್ಯಾ? ಬ್ಯಾಟರಿ ಕೀಳೋಕೆ ಹೋಗಿ ಹಾಳು ಮಾಡ್ದೆ ಅಂತ ಹೇಳಿದ್ರೆ ನಾನೇನು ನಿನ್ನ ನುಂಗ್ತಿದ್ನಾ? ನಿನ್ನ ಅಣ್ಣ ಬೇರೆ, ಬೈಬೇಡಮ್ಮ, ಪಾಪ ಅವಳೇ ನೊಂದ್ಕೊಂಡಿದಾಳೆ, ಆ ವಿಷಯಾನೇ ಎತ್ತಬೇಡ ಅಂದ. ಅದಕ್ಕೇ ಸುಮ್ನಿದ್ದೆ.”

ಸೂಜಿಗೆ ಮೊದಲು ಏನೂ ಅರ್ಥವಾಗಲಿಲ್ಲ. ಅರ್ಥವಾದ ಕೂಡಲೇ ಚಪ್ಪಲಿ ಮೆಟ್ಟಿ, ಬಸ್ಸು ಹಿಡಿದು ನೇರ ಸ್ಟುಡಿಯೋಗೆ ಹೋದಳು.

ಅಣ್ಣ ಯಾರದೋ ಪಾಸ್‌ಪೋರ್ಟ್ ಫೋಟೋ ತೆಗೆಯುತ್ತಿದ್ದ. ಗಲ್ಲ ಸ್ವಲ್ಪ ಕೆಳಗೆ, ಇನ್ನೂ ಸ್ವಲ್ಪ, ಹಾಂ. ಕ್ಯಾಮೆರಾದ ಮೂತಿಯಲ್ಲಿ ದಪ್ಪನೆಯ ಹೊಸ ಲೆನ್ಸ್ ಹೊಳೆಯುತ್ತಿತ್ತು. ಗಿರಾಕಿ ಹೊರಗೆ ಹೋಗುವವರೆಗೆ ಸೂಜಿ ಬಿಳಿ ಪರದೆಯ ಪಕ್ಕ ನಿಂತಿದ್ದಳು.

“ಡಬ್ಬಿ ಎಲ್ಲಿ, ಅಣ್ಣ?”

ಅವನು ಅವಳ ಮುಖ ನೋಡಿದ. ಸುಳ್ಳು ಹೇಳಿ ಪ್ರಯೋಜನವಿಲ್ಲವೆಂದು ತಿಳಿದಿರಬೇಕು. ಕ್ಯಾಮೆರಾ ಕೆಳಗಿಟ್ಟು ಸ್ಟೂಲಿನ ಮೇಲೆ ಕೂತ.

“ರೀಡರ್ ಕೊಟ್ರಲ್ಲ, ಅವ್ರೇ ತಗೊಂಡ್ರು. ಹಳೇ ಕಾರ್ಟ್ರಿಜ್ ಕೂಡಿಡೋ ಹುಚ್ಚು ಅವ್ರಿಗೆ. ಬದ್ಲಿಗೆ ಈ ಲೆನ್ಸ್ ಕೊಟ್ರು. ಇಂಥದ್ದು ನಾನು ಜನ್ಮದಲ್ಲಿ ತಗೊಳ್ಳೋಕಾಗ್ತಿತ್ತಾ ಹೇಳು? ಮತ್ತೆ ಅವು ಮೊದ್ಲು ನನ್ನವೇ ತಾನೇ?”

“ನಾನು ತಂದ್ಕೊಟ್ಟವೂ ಇದ್ವು ಅದರಲ್ಲಿ.”

“ಇದ್ವು. ಅದಕ್ಕೀಗ ಏನಾಯ್ತು? ಅಮ್ಮನಿಗೆ ಬೇಕಾಗಿದ್ದು ಆಟ, ಪ್ಲಾಸ್ಟಿಕ್ ಅಲ್ಲ. ನೀನು ಅಷ್ಟು ಚೆನ್ನಾಗಿ ಮಾಡ್ಕೊಟ್ಟೆ, ಒಂದು ಎಲೆ ಕೂಡ ಆಚೀಚೆ ಆಗಿಲ್ಲ.”

ಅವನು ಅದನ್ನು ಮೆಚ್ಚುಗೆಯಿಂದಲೇ ಹೇಳಿದ. ಬಿಳಿ ಬಟ್ಟೆ ಹಾಸಿ, ಉಸಿರು ಬಿಗಿಹಿಡಿದು, ಇಡೀ ದಿನ ಕೂತು ಅವಳು ಮಾಡಿಕೊಟ್ಟದ್ದು ಈ ಲೆನ್ಸಿಗೆ ದಾರಿ.

“ನನ್ನ ಹೆಸರು ಯಾಕೆ ಹೇಳ್ದೆ? ಕಳೆದುಹೋಯ್ತು ಅನ್ನಬಹುದಿತ್ತು. ಕಳ್ಳ ಬಂದ ಅನ್ನಬಹುದಿತ್ತು.”

“ಕಳ್ಳ ಅಂದ್ರೆ ಅಮ್ಮ ರಾತ್ರಿ ಮಲಗ್ತಿರ್ಲಿಲ್ಲ,” ಎಂದ ಅಣ್ಣ, ನಿಜವಾಗಿಯೂ ಯೋಚಿಸಿದವನ ಹಾಗೆ. “ನಿನ್ನ ಮೇಲೆ ಅವಳ ಕೋಪ ನಿಲ್ಲಲ್ಲ ಕಣೇ. ನಾಲ್ಕು ದಿನ ಮುಖ ಊದಿಸ್ಕೊಂಡು ಇರ್ತಾಳೆ, ಆಮೇಲೆ ಸರಿಹೋಗುತ್ತೆ ಅಂದ್ಕೊಂಡೆ.”

ಬಾಗಿಲಲ್ಲಿ ಇನ್ನೊಬ್ಬ ಗಿರಾಕಿ ತಲೆ ಬಾಚಿಕೊಳ್ಳುತ್ತಾ ನಿಂತಿದ್ದ. ಅಣ್ಣ ಎದ್ದು, ಮುಖದ ಮೇಲೆ ನಗು ತಂದುಕೊಂಡು, “ಬನ್ನಿ ಬನ್ನಿ” ಎಂದ.

ಸೂಜಿ ಮರಳಿ ಅಮ್ಮನ ಬಳಿ ಹೋದಳು. ಕಾಲ ಬಳಿ ಕೂತು, ಒಂದನ್ನೂ ಬಿಡದೆ, ದನಿ ಏರಿಸದೆ ಹೇಳಿದಳು. ರೀಡರ್ ಯಾರದು, ಲೆನ್ಸ್ ಎಲ್ಲಿಯದು, ಡಬ್ಬಿ ಎಲ್ಲಿಗೆ ಹೋಯಿತು. ಅಡುಗೆಮನೆಯಲ್ಲಿ ಅತ್ತಿಗೆಯ ಪಾತ್ರೆಗಳ ಸದ್ದು ನಿಂತುಹೋಯಿತು. ಅಮ್ಮ ಕೇಳುತ್ತಲೇ ಇದ್ದಳು. ಅಯ್ಯೋ ಎಂದು ಬಾಯಿಯ ಮೇಲೆ ಕೈ ಇಟ್ಟುಕೊಳ್ಳುತ್ತಾಳೆ, ತನ್ನ ತಲೆ ಸವರುತ್ತಾಳೆ ಎಂದು ಸೂಜಿ ಕಾದಳು. ಅಮ್ಮ ಕಿಟಕಿಯಾಚೆ ನೋಡುತ್ತಿದ್ದಳು.

“ನಂಗೆ ಅನುಮಾನ ಇತ್ತು,” ಎಂದಳು ಕೊನೆಗೆ.

“ಇತ್ತಾ?”

“ಇಪ್ಪತ್ತು ವರ್ಷ ಕಿವಿ ಮಿಷನ್ ಬಿಚ್ಚಿದವಳು ಅಷ್ಟೂ ಸುಡ್ತಾಳಾ? ಒಂದು ಸುಟ್ರೆ ಎರಡನೇದಕ್ಕೆ ಕೈ ಹಾಕ್ತಾಳಾ? ಅವನ ಹೊಸ ಲೆನ್ಸೂ ನೋಡ್ದೆ.”

“ಮತ್ತೆ ನನ್ನ ಮೇಲೆ ಯಾಕಮ್ಮ ಇಷ್ಟು ದಿನ…”

ಅಮ್ಮ ತಗ್ಗಿದ ದನಿಯಲ್ಲಿ, ಅಡುಗೆಮನೆಗೆ ಕೇಳದ ಹಾಗೆ ಹೇಳಿದಳು. “ನಾನಿರೋದು ಅವನ ಮನೇಲಿ. ಬೆಳಗಾದ್ರೆ ಅವನ ಮುಖ ನೋಡ್ಬೇಕು. ಅವನ ಮೇಲೆ ಕೋಪ ಮಾಡ್ಕೊಂಡ್ರೆ ದಿನಾ ಮಾಡ್ಕೋಬೇಕು. ನಿನ್ನ ಮೇಲಾದ್ರೆ ಭಾನುವಾರ ಒಂದು ದಿನ ಸಾಕು. ನೀನು ತಡ್ಕೋತೀಯ.”

ಅಣ್ಣನ ಮಾತಿಗೆ ಬಾರದಿದ್ದ ಅಳು ಆಗ ಬಂತು. ಅದನ್ನು ಅಲ್ಲೇ ನುಂಗಿ ಎದ್ದಳು. ಇವಳು ತಡೆದುಕೊಳ್ಳುವವಳು ಎಂಬುದನ್ನು ಅಣ್ಣ, ಅಮ್ಮ ಇಬ್ಬರೂ ಬೇರೆ ಬೇರೆಯಾಗಿ ಲೆಕ್ಕ ಹಾಕಿದ್ದರು. ಇಬ್ಬರ ಲೆಕ್ಕವೂ ತಪ್ಪಿರಲಿಲ್ಲ.

ಆಮೇಲೆ ಅವಳು ಭಾನುವಾರ ಹೋಗುವುದನ್ನು ನಿಲ್ಲಿಸಿದಳು. ಅಣ್ಣ ಫೋನ್ ಮಾಡಿ ಹವಾಮಾನದ ಮಾತಾಡಿದ. ಅತ್ತಿಗೆ ಫೋನ್ ಮಾಡಿ, “ನಂಗೆ ಏನೂ ಗೊತ್ತಿರ್ಲಿಲ್ಲ, ನನ್ನಾಣೆ” ಎಂದಳು. ಅಮ್ಮ ಮಾಡಲಿಲ್ಲ. ರಜೆಯ ದಿನ ಹಾಸಿಗೆಯಲ್ಲೇ ಬಿದ್ದುಕೊಂಡು, ಅವಳಿಗೆ ಅನುಮಾನವಿತ್ತು, ಅನುಮಾನವಿತ್ತು ಎಂದು ಸೂಜಿ ಅದನ್ನೇ ಮೆಲುಕು ಹಾಕಿದಳು. ಸುಳ್ಳನ್ನು ನಂಬಿ ಮುನಿದಿದ್ದರೆ ಕ್ಷಮಿಸುವುದು ಸುಲಭವಿತ್ತು.

ಒಂದು ಬೆಳಿಗ್ಗೆ ಅಂಗಡಿಯ ಮುಂದಿನ ಬೆಂಚಿನ ಮೇಲೆ, ಕಿವಿಗೆ ಕೈ ಅಡ್ಡ ಹಿಡಿದು ಮಾತಾಡುವ ಮುದುಕರ ನಡುವೆ, ಅಮ್ಮ ಕೂತಿದ್ದಳು. ಎರಡು ಬಸ್ಸು ಬದಲಿಸಿ ಒಬ್ಬಳೇ ಬಂದಿದ್ದಳು. ಆ ಮೊಣಕಾಲಿನಲ್ಲಿ! ಸೂಜಿಯ ಮನಸ್ಸು ಮೇಣದ ಹಾಗೆ ಮೆತ್ತಗಾಯಿತು. ಒಳಗೆ ಕರೆದು ತನ್ನ ಕುರ್ಚಿಯಲ್ಲೇ ಕೂರಿಸಿ ನೀರು ಕೊಟ್ಟಳು. ಅಮ್ಮ ಚೀಲದಿಂದ ಗೇಮ್ ತೆಗೆದು ಮೇಜಿನ ಮೇಲಿಟ್ಟಳು. ಗುಂಡಿ ಇನ್ನೂ ಸಿಕ್ಕಿಕೊಂಡೇ ಇತ್ತು. ಸೂಜಿ ಬಿಚ್ಚಿ, ಒಳಗಿನ ರಬ್ಬರ್ ಒರೆಸಿ, ಮತ್ತೆ ಜೋಡಿಸಿದಳು. ಗುಂಡಿ ಟಿಕ್ ಟಿಕ್ ಎಂದಿತು.

“ನಿನ್ನ ಕೈ ಕೈಯೇ,” ಎಂದಳು ಅಮ್ಮ. ಚೀಲದ ಹಿಡಿಯನ್ನು ತಿರುಚತೊಡಗಿದಳು. ಈಗ ತಪ್ಪಾಯಿತು ಎನ್ನುತ್ತಾಳೆ ಎಂದು ಸೂಜಿ ಸ್ಕ್ರೂಡ್ರೈವರ್ ಕೆಳಗಿಟ್ಟಳು.

“ಅವ್ರು ಇನ್ನೂ ನಾಲ್ಕು ಜನಕ್ಕೆ ಹೇಳಿದಾರಂತೆ, ಆ ಕಾರ್ಟ್ರಿಜ್ ತಗೊಂಡೋರು. ಎಲ್ರಿಗೂ ನನ್ನ ಆಟದ ಹಾಗೇ ಮಾಡಿಸ್ಕೊಳ್ಬೇಕಂತೆ. ನಿನ್ನ ಅಣ್ಣ ಕೇಳ್ತಿದ್ದ, ಮಾಡ್ಕೊಡ್ತಾಳಾ ಅಂತ. ಅವನಿಗೆ ನಿನ್ನ ಕೇಳೋಕೆ ಮುಖ ಇಲ್ಲ, ಪಾಪ. ಅದಕ್ಕೇ ನಾನೇ ಬಂದೆ.”

ಹೊರಗೆ ಒಬ್ಬ ಮುದುಕ ತನ್ನ ಸೊಸೆಯ ಮೇಲಿನ ದೂರನ್ನು ಊರಿಗೆಲ್ಲ ಕೇಳುವಂತೆ ಹೇಳುತ್ತಿದ್ದ. ಸೂಜಿ ಗೇಮನ್ನು ಮೃದುವಾದ ಬಟ್ಟೆಯಿಂದ ಒರೆಸಿ ಅಮ್ಮನ ಚೀಲದೊಳಗಿಟ್ಟು ಜಿಪ್ ಎಳೆದಳು.

“ಇಲ್ಲಮ್ಮ. ಮಾಡಲ್ಲ.”

“ಒಂದು ದಿನದ ಕೆಲ್ಸ ತಾನೇ…”

“ಮಾಡಲ್ಲ ಅಂತ ಹೇಳು. ನಾನೇ ಅಂದೆ ಅಂತ ಹೇಳು.”

ಅಮ್ಮ ಅವಳನ್ನು ಹೊಸಬಳನ್ನು ನೋಡುವ ಹಾಗೆ ನೋಡಿದಳು. ಸೂಜಿ ಮಾಲೀಕರಿಗೆ ಹೇಳಿ, ಅಮ್ಮನ ಮೊಣಕೈ ಹಿಡಿದು ನಿಧಾನವಾಗಿ ಬಸ್ ಸ್ಟಾಪಿಗೆ ಕರೆದೊಯ್ದಳು. ಕಿಟಕಿಯ ಸೀಟು ಹುಡುಕಿ ಕೂರಿಸಿ, ಎಲ್ಲಿ ಇಳಿಸಿ ಮುಂದಿನ ಬಸ್ಸಿಗೆ ಹತ್ತಿಸಬೇಕೆಂದು ಕಂಡಕ್ಟರಿಗೆ ಹೇಳಿದಳು. ಅಮ್ಮ ಕಿಟಕಿಯಿಂದ, “ಭಾನುವಾರ ಬರ್ತೀಯಾ?” ಎಂದು ಕೇಳಿದಳು. ಅಷ್ಟರಲ್ಲಿ ಬಸ್ಸು ಹೊರಟಿತು. ಅಂಗಡಿಯ ಬೆಂಚಿನ ಮೇಲೆ ಇನ್ನೂ ಆರು ಜನ ಕಾಯುತ್ತಿದ್ದರು. ಸೂಜಿ ಆ ಕಡೆಗೆ ನಡೆದಳು.